ಪ್ಲೇಸ್ಟೇಷನ್ 1 ಮತ್ತು 2ರ ಗೇಮ್ ಡಿಸ್ಕ್‌ಗಳಿಗೆ ಕಂಪ್ಯೂಟರಿನಲ್ಲಿ ಬ್ಯಾಕಪ್ ಮಾಡಿಕೊಳ್ಳುವ ಕ್ರಮ

ನಾನು ಮೊದಲ ಸಲ ಸೋನಿಯ ಗೇಮ್ ಯಂತ್ರವಾದ ಪ್ಲೇಸ್ಟೇಷನ್ನಿನ ಡಿಸ್ಕೊಂದರ ಪ್ರತಿ ತೆಗೆದಾಗ ಎಲ್ಲವೂ ಸುಸೂತ್ರವಾಗಿಯೇ ನಡೆದಂತೆ ಕಂಡಿತ್ತು. ತಂತ್ರಾಂಶವು ಐಎಸ್‌ಒ ಎಂಬ ರೂಪದ ಡಿಸ್ಕ್ ಪ್ರತಿಯ ಫೈಲ್ ಬರೆದುಕೊಟ್ಟಿತು, ಎಲ್ಲಿಯೂ ದೋಷವಿದೆ ಎಂದು ಹೇಳಲಿಲ್ಲ, ಎಮ್ಯುಲೇಟರಿನಲ್ಲಿ, ಅಂದರೆ ಗೇಮ್ ಯಂತ್ರದಂತೆ ಕಂಪ್ಯೂಟರಿನಲ್ಲಿ ಆಟ ಓಡಿಸುವ ತಂತ್ರಾಂಶದಲ್ಲಿ, ತೆರೆದರೆ ಆಟದ ಮೊದಲ ಪರದೆಯೂ ಬಂತು. ಎರಡು ವರ್ಷ ಕಳೆದು ಆಡಲು ಕುಳಿತಾಗಲೇ ಗೊತ್ತಾದದ್ದು, ಆ ಪ್ರತಿಯಲ್ಲಿ ಕಥೆ ಹೇಳುವ ವಿಡಿಯೊಗಳಲ್ಲಿ ಒಂದೂ ಓಡುತ್ತಿರಲಿಲ್ಲ, ಪಾತ್ರಗಳ ಮಾತೂ ಕೇಳಿಸುತ್ತಿರಲಿಲ್ಲ. ಮೂಲ ಡಿಸ್ಕಿನಿಂದ ಇನ್ನೊಮ್ಮೆ ತೆಗೆಯೋಣವೆಂದರೆ, ಮಲೆನಾಡಿನ ನಮ್ಮ ಮನೆಯ ಎರಡು ಮಳೆಗಾಲಗಳಲ್ಲಿ ಅದು ಕಾಗದದ ಕವರಿಗೆ ಅಂಟಿಕೊಂಡಿತ್ತು. ಅವಸರದಲ್ಲಿ ಎಳೆದಾಗ ಚಿತ್ರವಿರುವ ಮೇಲ್ಪದರವೇ ಕಿತ್ತು ಬಂತು. ಆ ಡಿಸ್ಕನ್ನು ಮತ್ತೆ ಯಾವ ಡ್ರೈವೂ ಓದಲಿಲ್ಲ. ಡಿಸ್ಕಿನಲ್ಲಿ ಇರುವುದೆಲ್ಲವೂ ಫೈಲಿನಲ್ಲಿ ಬಂದಿದೆ ಎಂದು ಪರೀಕ್ಷೆಯಿಂದ ಖಚಿತವಾಗುವವರೆಗೆ ಅದನ್ನು ಬ್ಯಾಕಪ್ ಎಂದು ಕರೆಯಬಾರದು ಎಂಬುದನ್ನು ನಾನು ಹೀಗೆ ಕಲಿತೆ. ಆದ್ದರಿಂದ ಈ ಲೇಖನದಲ್ಲಿ ಗುಂಡಿ ಒತ್ತುವ ವಿಧಾನಕ್ಕಿಂತ ಪರೀಕ್ಷಿಸುವ ವಿಧಾನಕ್ಕೆ ಹೆಚ್ಚು ಜಾಗ ಸಿಕ್ಕಿದೆ.

ಪ್ಲೇಸ್ಟೇಷನ್ 1 ಮತ್ತು 2ನ್ನು ಮಾತ್ರ ಆರಿಸಿಕೊಂಡದ್ದಕ್ಕೆ ಕಾರಣವಿದೆ. ಇವೆರಡರ ಡಿಸ್ಕ್‌ಗಳು ಭೌತಿಕವಾಗಿ ಸಾಮಾನ್ಯ ಸಿಡಿ ಮತ್ತು ಡಿವಿಡಿಗಳೇ ಆಗಿರುವುದರಿಂದ ಮನೆಯ ಕಂಪ್ಯೂಟರಿನ ಡ್ರೈವ್ ಅವನ್ನು ಓದಬಲ್ಲದು. ಡ್ರೀಮ್‌ಕ್ಯಾಸ್ಟ್ ಎಂಬ ಇನ್ನೊಂದು ಗೇಮ್ ಯಂತ್ರದ ಜಿಡಿ-ರಾಮ್ ಡಿಸ್ಕಿನ ಮುಖ್ಯ ಭಾಗವನ್ನು ಸಾಮಾನ್ಯ ಡ್ರೈವ್ ತಲುಪುವುದೇ ಇಲ್ಲ. ಗೇಮ್‌ಕ್ಯೂಬ್ ಮತ್ತು ವೀ ಎಂಬ ಯಂತ್ರಗಳ ಡಿಸ್ಕ್‌ಗಳೂ ಕೆಲವೇ ಮಾದರಿಯ ಡ್ರೈವ್‌ಗಳನ್ನು ಬಿಟ್ಟರೆ ಬೇರೆಡೆ ಓದಿಸಿಕೊಳ್ಳುವುದಿಲ್ಲ. ಪ್ಲೇಸ್ಟೇಷನ್ 3ರಿಂದ ಮುಂದಿನ ಡಿಸ್ಕ್‌ಗಳಲ್ಲಿ ಮಾಹಿತಿ ಗೂಢಲಿಪಿಯಲ್ಲಿದ್ದು, ಅದು ಬೇರೆಯೇ ಕಥೆ.

ಕೆಲಸಕ್ಕೆ ಇಳಿಯುವ ಮೊದಲು ಕಾನೂನಿನ ಮಾತು. ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯ 52(1)(ಎಎ) ಖಂಡವು, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯೊಂದನ್ನು ಕಾನೂನುಬದ್ಧವಾಗಿ ಹೊಂದಿರುವವರು ಅದು ಕಳೆದುಹೋಗದಂತೆ, ನಾಶವಾಗದಂತೆ ಅಥವಾ ಹಾಳಾಗದಂತೆ ತಾತ್ಕಾಲಿಕ ರಕ್ಷಣೆಗಾಗಿ ಮಾತ್ರ ಬ್ಯಾಕಪ್ ಪ್ರತಿ ಮಾಡಿಕೊಳ್ಳುವುದನ್ನು ಉಲ್ಲಂಘನೆಯೆಂದು ಎಣಿಸುವುದಿಲ್ಲ. ಗೇಮ್ ಎಂದರೆ ಪ್ರೋಗ್ರಾಮಿನ ಜತೆಗೆ ಸಂಗೀತ, ಚಿತ್ರ, ವಿಡಿಯೊಗಳೂ ಸೇರಿದ ಕೃತಿಯಾದ್ದರಿಂದ ಈ ಖಂಡವನ್ನು ಹಿಗ್ಗಿಸಿ ಓದಬಾರದು ಎಂಬುದು ನನ್ನ ಅಭಿಪ್ರಾಯ. ನಿಮ್ಮದೇ ಅಸಲಿ ಡಿಸ್ಕ್, ನಿಮ್ಮದೇ ಬಳಕೆ, ಬೇರೆಯವರಿಗೆ ಹಂಚಿಕೆ ಇಲ್ಲ: ಈ ಗೆರೆಯೊಳಗೇ ಇರಿ. ಡಿಸ್ಕನ್ನು ಮಾರಿದರೆ ಪ್ರತಿಯನ್ನೂ ಅಳಿಸಿಹಾಕಬೇಕು. ಅಮೆರಿಕದಲ್ಲಿರುವ ಕನ್ನಡಿಗರಿಗೆ ಅಲ್ಲಿನ ಕೃತಿಸ್ವಾಮ್ಯ ಕಾಯ್ದೆಯ 117ನೇ ಕಲಂ ಇದನ್ನೇ ಸ್ಪಷ್ಟವಾಗಿ ಹೇಳುತ್ತದೆ. ಇನ್ನು, ನಮ್ಮ ಊರುಗಳಲ್ಲಿ ಒಂದು ಕಾಲಕ್ಕೆ ಪ್ಲಾಸ್ಟಿಕ್ ಕವರಿನಲ್ಲಿ ಸಿಗುತ್ತಿದ್ದ ನಕಲಿ ಡಿಸ್ಕ್‌ಗಳಿಗೆ ಈ ರಕ್ಷಣೆ ಅನ್ವಯಿಸುವುದಿಲ್ಲ.

ಡ್ರೈವ್ ಮತ್ತು ಡಿಸ್ಕಿನ ಸಿದ್ಧತೆ

ಈಗಿನ ಲ್ಯಾಪ್‌ಟಾಪ್‌ಗಳಲ್ಲಿ ಡಿಸ್ಕ್ ಡ್ರೈವ್ ಇರುವುದಿಲ್ಲ. ಯುಎಸ್‌ಬಿ ಮೂಲಕ ಜೋಡಿಸುವ ತೆಳುವಾದ ಡಿವಿಡಿ ರೈಟರ್ ಸಾಕಾಗುತ್ತದೆ. ಆದರೆ ಡೆಸ್ಕ್‌ಟಾಪಿನ ಒಳಗೆ ಸಾಟಾ ಎಂಬ ತಂತಿಯಿಂದ ಜೋಡಿಸಿ ಕೂರಿಸುವ ಹಳೆಯ ಡ್ರೈವ್ ಗೀರುಬಿದ್ದ ಡಿಸ್ಕ್‌ಗಳ ವಿಷಯದಲ್ಲಿ ಹೆಚ್ಚು ತಾಳ್ಮೆಯದು ಎಂಬುದು ನನ್ನ ಅನುಭವ. ಬೆಂಗಳೂರಿನ ಎಸ್.ಪಿ. ರಸ್ತೆಯಂಥ ಕಡೆ ಸೆಕೆಂಡ್ ಹ್ಯಾಂಡ್ ಡ್ರೈವ್‌ಗಳು ಸಿಗುತ್ತವೆ. ಸಾಧ್ಯವಾದರೆ ಬೇರೆ ಬೇರೆ ಕಂಪನಿಯ ಎರಡು ಡ್ರೈವ್‌ಗಳನ್ನು ಇಟ್ಟುಕೊಳ್ಳಿ, ಏಕೆಂದರೆ ಒಂದು ಕೈಬಿಟ್ಟ ಡಿಸ್ಕನ್ನು ಇನ್ನೊಂದು ಸಲೀಸಾಗಿ ಓದುವುದುಂಟು, ಮುಂದೆ ಪರೀಕ್ಷೆಗೂ ಅದು ನೆರವಾಗುತ್ತದೆ.

ಡಿಸ್ಕನ್ನು ಕೈಗೆತ್ತಿಕೊಂಡಾಗ ಮೊದಲು ಅದರ ಕೆಳಮೈಯ ಬಣ್ಣ ನೋಡಿ. ಪ್ಲೇಸ್ಟೇಷನ್ 1ರ ಅಸಲಿ ಡಿಸ್ಕಿನ ಕೆಳಮೈ ಕಪ್ಪು. ಪ್ಲೇಸ್ಟೇಷನ್ 2ರಲ್ಲಿ ಬೆಳ್ಳಿಯ ಬಣ್ಣದ್ದು ಡಿವಿಡಿ, ನೀಲಿ ಛಾಯೆಯದು ಸಿಡಿ. ಈ ಕೊನೆಯದನ್ನು ಅನೇಕರು ಗಮನಿಸದೆ ಡಿವಿಡಿಯ ಕ್ರಮವನ್ನೇ ಅನುಸರಿಸಿ ತಪ್ಪುಮಾಡುತ್ತಾರೆ. ಸಿಡಿಯಾಗಿದ್ದರೆ ಇನ್ನೊಂದು ಪರೀಕ್ಷೆ ಮಾಡಿ: ಚಿತ್ರವಿರುವ ಮೈ ನಿಮ್ಮ ಕಡೆಗೆ ಇರುವಂತೆ ಹಿಡಿದು ಹಿಂದಿನಿಂದ ಮೊಬೈಲಿನ ಟಾರ್ಚ್ ಬಿಡಿ. ಸೂಜಿಮೊನೆಯಷ್ಟು ಬೆಳಕಿನ ಚುಕ್ಕೆಗಳು ಕಂಡರೆ ಅಲ್ಲಿ ಪ್ರತಿಫಲಿಸುವ ಲೋಹದ ಪದರವೇ ಹೋಗಿದೆ ಎಂದರ್ಥ. ಸಿಡಿಯಲ್ಲಿ ಆ ಪದರ ಇರುವುದು ಚಿತ್ರದ ಕೆಳಗೇ, ತೆಳುವಾದ ಮೆರುಗೆಣ್ಣೆಯ ಒಂದು ಹೊದಿಕೆಯ ರಕ್ಷಣೆಯಲ್ಲಿ, ಕೆಳಗಿನ 1.2 ಮಿಲಿಮೀಟರ್ ದಪ್ಪದ ಪ್ಲಾಸ್ಟಿಕ್ ಗೀರುಗಳನ್ನು ತಾಳಿಕೊಂಡರೂ ಮೇಲ್ಮೈಯ ಗೀರು ನೇರವಾಗಿ ಮಾಹಿತಿಯನ್ನೇ ಕೆರೆದುಹಾಕುತ್ತದೆ. ಡಿವಿಡಿಯಲ್ಲಿ ಲೋಹದ ಪದರವು ತಲಾ 0.6 ಮಿಲಿಮೀಟರಿನ ಎರಡು ಬಿಲ್ಲೆಗಳ ನಡುವೆ ಇರುವುದರಿಂದ ಈ ಭಯ ಕಡಿಮೆ. ಕವರಿಗೆ ಅಂಟಿಕೊಂಡ ಸಿಡಿಯನ್ನು ಎಂದಿಗೂ ಎಳೆದು ಬಿಡಿಸಬೇಡಿ.

ಒರೆಸುವಾಗ ಮೃದುವಾದ ಮೈಕ್ರೋಫೈಬರ್ ಬಟ್ಟೆಯಿಂದ ನಡುವಿನ ತೂತಿನಿಂದ ಅಂಚಿನ ಕಡೆಗೆ ನೇರವಾಗಿ ಒರೆಸಬೇಕು, ರೊಟ್ಟಿ ತಟ್ಟುವಂತೆ ಸುತ್ತ ತಿರುಗಿಸಬಾರದು. ಸಿಡಿಯ ದೋಷ ಸರಿಪಡಿಸುವ ವ್ಯವಸ್ಥೆಯು ಮಾಹಿತಿಯ ಸುತ್ತು ಸಾಗುವ ದಿಕ್ಕಿನಲ್ಲಿ ಸುಮಾರು 2.5 ಮಿಲಿಮೀಟರಿನಷ್ಟು ನಷ್ಟವನ್ನು ತುಂಬಿಕೊಳ್ಳಬಲ್ಲದು. ಅಡ್ಡಲಾಗಿ ಬಿದ್ದ ಗೀರು ಪ್ರತಿ ಸುತ್ತಿನಲ್ಲಿ ಸ್ವಲ್ಪವೇ ಕೆಡಿಸುತ್ತದೆ. ಸುತ್ತಿನ ಉದ್ದಕ್ಕೂ ಬಿದ್ದ ಗೀರು ಈ ಮಿತಿಯನ್ನು ಕ್ಷಣದಲ್ಲಿ ದಾಟಿಬಿಡುತ್ತದೆ. ಟೂತ್‌ಪೇಸ್ಟ್ ಹಚ್ಚುವ ಮನೆಮದ್ದನ್ನು ನಾನಂತೂ ಶಿಫಾರಸು ಮಾಡಲಾರೆ.

ಸಿಡಿಗೆ ಐಎಸ್‌ಒ ಏಕೆ ಸಲ್ಲದು

ನನ್ನ ಮೊದಲ ಪ್ರತಿ ಕೆಟ್ಟದ್ದರ ಕಾರಣ ಇಲ್ಲಿದೆ. ಸಿಡಿಯಲ್ಲಿ ಮಾಹಿತಿ ಸೆಕ್ಟರ್ ಎಂಬ ತುಂಡುಗಳಲ್ಲಿ ಇರುತ್ತದೆ. ಒಂದೊಂದು ಸೆಕ್ಟರಿನಲ್ಲಿಯೂ 2352 ಬೈಟ್. ಕಂಪ್ಯೂಟರಿನ ಸಾಮಾನ್ಯ ಫೈಲ್‌ಗಳಿಗೆ ಅದರಲ್ಲಿ 2048 ಬೈಟ್ ಬಳಕೆಯಾಗಿ, ಉಳಿದ ಜಾಗ ಗುರುತುಗಳಿಗೆ ಮತ್ತು ದೋಷ ತಿದ್ದುವ ಲೆಕ್ಕಗಳಿಗೆ ಹೋಗುತ್ತದೆ. ಐಎಸ್‌ಒ ಫೈಲ್ ಉಳಿಸಿಕೊಳ್ಳುವುದು ಈ 2048ನ್ನು ಮಾತ್ರ. ಆದರೆ ಪ್ಲೇಸ್ಟೇಷನ್ 1ರ ಡಿಸ್ಕಿನಲ್ಲಿ ವಿಡಿಯೊಗಳ ಜತೆಗಿನ ಧ್ವನಿಗೆ ಮತ್ತು ಪಾತ್ರಗಳ ಮಾತಿಗೆ ಇನ್ನೊಂದು ಬಗೆಯ ಸೆಕ್ಟರ್‌ಗಳಿವೆ. ಒಂದೆರಡು ಬೈಟ್ ತಪ್ಪಿದರೂ ಕಿವಿಗೆ ಗೊತ್ತಾಗದು ಎಂಬ ಎಣಿಕೆಯಿಂದ ಅಲ್ಲಿ ತಿದ್ದುವ ಲೆಕ್ಕವನ್ನು ಕೈಬಿಟ್ಟು 2324 ಬೈಟಿನಷ್ಟು ಜಾಗವನ್ನು ಮಾಹಿತಿಗೇ ಕೊಟ್ಟಿದ್ದಾರೆ. ಇಂಥ ಸೆಕ್ಟರನ್ನು 2048ರ ಅಳತೆಗೆ ಕತ್ತರಿಸಿದರೆ ಬಾಲ ಉದುರಿಹೋಗುತ್ತದೆ, ಯಾವ ಸೆಕ್ಟರ್ ಯಾವ ಧ್ವನಿಗೆ ಸೇರಿದ್ದು ಎಂದು ಹೇಳುವ ಗುರುತೂ ಹೋಗುತ್ತದೆ. ಪ್ರೋಗ್ರಾಮಿನ ಭಾಗ ಮಾತ್ರ ಸರಿಯಾಗಿಯೇ ಇರುವುದರಿಂದ ಆಟ ಶುರುವಾಗುತ್ತದೆ, ನಾವೂ ಮೋಸಹೋಗುತ್ತೇವೆ. ಇದಲ್ಲದೆ ಕೆಲವು ಆಟಗಳ ಹಿನ್ನೆಲೆ ಸಂಗೀತವು ಆಡಿಯೊ ಸಿಡಿಯ ಹಾಡುಗಳಂತೆ ಪ್ರತ್ಯೇಕ ಟ್ರ್ಯಾಕ್‌ಗಳಲ್ಲಿ ಇರುತ್ತದೆ. ಐಎಸ್‌ಒ ಅವನ್ನು ಮುಟ್ಟುವುದೇ ಇಲ್ಲ.

ಆದ್ದರಿಂದ ಸಿಡಿಯ ಪ್ರತಿ ಯಾವಾಗಲೂ ಬಿನ್ ಮತ್ತು ಕ್ಯೂ ಎಂಬ ಎರಡು ಫೈಲ್‌ಗಳ ಜೋಡಿಯಾಗಿರಬೇಕು. ಬಿನ್‌ನಲ್ಲಿ 2352 ಬೈಟ್‌ಗಳೂ ಇದ್ದಂತೆಯೇ ಇರುತ್ತವೆ. ಕ್ಯೂ ಎಂಬುದು ನೋಟ್‌ಪ್ಯಾಡಿನಲ್ಲಿ ತೆರೆದು ಓದಬಹುದಾದ ಪುಟ್ಟ ಪಟ್ಟಿ: ಮೊದಲ ಸಾಲಿನಲ್ಲಿ ಬಿನ್ ಫೈಲಿನ ಹೆಸರು, ಮುಂದಿನ ಸಾಲುಗಳಲ್ಲಿ ಒಂದೊಂದು ಟ್ರ್ಯಾಕಿನ ಬಗೆ ಮತ್ತು ಅದು ಎಷ್ಟನೆಯ ನಿಮಿಷ, ಸೆಕೆಂಡು, ಫ್ರೇಮಿನಲ್ಲಿ ಆರಂಭವಾಗುತ್ತದೆ ಎಂಬ ಲೆಕ್ಕ, ಒಂದು ಸೆಕೆಂಡಿಗೆ 75 ಫ್ರೇಮ್. ಬಿನ್ ಫೈಲಿನ ಹೆಸರು ಬದಲಿಸಿ ಕ್ಯೂವಿನ ಮೊದಲ ಸಾಲನ್ನು ಹಾಗೆಯೇ ಬಿಟ್ಟರೆ ಎಮ್ಯುಲೇಟರ್ ಡಿಸ್ಕನ್ನೇ ಗುರುತಿಸುವುದಿಲ್ಲ. ಪ್ರತಿ ಕೆಟ್ಟಿದೆ ಎಂದು ನನ್ನ ಬಳಿ ಬಂದ ಗೆಳೆಯರಲ್ಲಿ ಹೆಚ್ಚಿನವರ ತೊಂದರೆ ಇಷ್ಟೇ ಆಗಿತ್ತು.

ಓದಿಸುವ ಕ್ರಮ

ವಿಂಡೋಸ್‌ನಲ್ಲಿ ಇಮ್ಜ್‌ಬರ್ನ್ ಎಂಬ ಉಚಿತ ತಂತ್ರಾಂಶ ಹಳೆಯದಾದರೂ ಈ ಕೆಲಸಕ್ಕೆ ಇಂದಿಗೂ ಒಗ್ಗುತ್ತದೆ. ಅದರ 2.5.8.0 ಆವೃತ್ತಿ 2013ರಲ್ಲಿ ಬಂದದ್ದು. ಸ್ಥಾಪಿಸುವಾಗ ಪ್ರತಿ ಪರದೆಯನ್ನೂ ಓದಿ, ಜತೆಗೆ ಬೇರೇನನ್ನಾದರೂ ಸೇರಿಸಲು ಕೇಳಿದರೆ ಬೇಡವೆನ್ನಿ.

ಡಿಸ್ಕನ್ನು ಡ್ರೈವಿಗೆ ಹಾಕಿ, ವಿಂಡೋಸ್‌ನ ಫೈಲ್ ಕಿಟಕಿಯಲ್ಲಿ ತೆರೆದು ನೋಡಿ. ಸಿಸ್ಟಮ್ ಎಂಬ ಹೆಸರಿನ, ಸಿಎನ್‌ಎಫ್ ಎಂದು ಕೊನೆಗೊಳ್ಳುವ ಸಣ್ಣ ಫೈಲೊಂದು ಸಾಮಾನ್ಯವಾಗಿ ಅಲ್ಲಿರುತ್ತದೆ. ಅದನ್ನು ನೋಟ್‌ಪ್ಯಾಡಿನಲ್ಲಿ ತೆರೆದರೆ ಆಟದ ಸಂಕೇತ ಸಂಖ್ಯೆ ಕಾಣುತ್ತದೆ: ಯುರೋಪಿನ, ಅಂದರೆ ನಮ್ಮಲ್ಲಿಗೂ ಬರುತ್ತಿದ್ದ ಪಾಲ್ ಎಂಬ ಟಿವಿ ಮಾದರಿಯ ಡಿಸ್ಕ್‌ಗಳಲ್ಲಿ ಎಸ್‌ಎಲ್‌ಇಎಸ್ ಅಥವಾ ಎಸ್‌ಸಿಇಎಸ್, ಅಮೆರಿಕದವಕ್ಕೆ ಎಸ್‌ಎಲ್‌ಯುಎಸ್ ಅಥವಾ ಎಸ್‌ಸಿಯುಎಸ್ ಎಂಬ ಅಕ್ಷರಗಳು, ಬಳಿಕ ಐದು ಅಂಕಿಗಳು. ಇದನ್ನು ಬರೆದಿಟ್ಟುಕೊಳ್ಳಿ. ಒಂದೇ ಆಟದ ಬೇರೆ ಬೇರೆ ಆವೃತ್ತಿಗಳನ್ನು ಗುರುತಿಸಲು ಹೆಸರಿಗಿಂತ ಈ ಸಂಖ್ಯೆಯೇ ಆಧಾರ.

ನಂತರ ಇಮ್ಜ್‌ಬರ್ನ್‌ನಲ್ಲಿ ‘ಕ್ರಿಯೇಟ್ ಇಮೇಜ್ ಫೈಲ್ ಫ್ರಮ್ ಡಿಸ್ಕ್’ ಎಂಬುದನ್ನು ಆರಿಸಿ. ಬಲಗಡೆಯ ಅಂಕಣದಲ್ಲಿ ಡಿಸ್ಕಿನ ಮಾಹಿತಿ ಬರುತ್ತದೆ. ಟ್ರ್ಯಾಕ್‌ಗಳು ಎಷ್ಟು, ಅವುಗಳಲ್ಲಿ ಆಡಿಯೊ ಎಷ್ಟು ಎಂಬುದನ್ನು ಅಲ್ಲಿಯೇ ನೋಡಿಕೊಳ್ಳಿ. ಉಳಿಸುವ ಜಾಗವನ್ನು ಆರಿಸಿ, ಓದುವ ವೇಗವನ್ನು ಕಡಿಮೆ ಮಾಡಿ. ಸಿಡಿಗೆ 8 ಎಕ್ಸ್ (ಅಂದರೆ ಮೂಲ ವೇಗದ ಎಂಟು ಪಟ್ಟು), ಡಿವಿಡಿಗೆ 4 ಎಕ್ಸ್ ನನಗೆ ಹಿತವೆನಿಸಿದ ವೇಗ. 74 ನಿಮಿಷದ ಪೂರ್ಣ ಸಿಡಿಯೊಂದರಲ್ಲಿ 3,33,000 ಸೆಕ್ಟರ್‌ಗಳಿರುತ್ತವೆ. 8 ಎಕ್ಸ್ ಎಂದರೆ ಸೆಕೆಂಡಿಗೆ 600 ಸೆಕ್ಟರ್, ಹೀಗಾಗಿ ಹತ್ತು ನಿಮಿಷದೊಳಗೆ ಮುಗಿಯುತ್ತದೆ, ಬಿನ್ ಫೈಲಿನ ಗಾತ್ರ ಹೆಚ್ಚೆಂದರೆ 783 ಮೆಗಾಬೈಟ್ ಆಸುಪಾಸು ಬರುತ್ತದೆ. ಕೆಲವು ಡ್ರೈವ್‌ಗಳು ನೀವು ಹೇಳಿದ ವೇಗವನ್ನು ಪಾಲಿಸದೆ ತಮ್ಮ ಪಾಡಿಗೆ ಓಡುತ್ತವೆ. ಅದಕ್ಕೆ ಮಾಡುವುದೇನೂ ಇಲ್ಲ. ಓದುತ್ತಿರುವಾಗ ಮೇಜನ್ನು ಅಲುಗಿಸದಿರಿ, ಯುಎಸ್‌ಬಿ ಡ್ರೈವ್ ಆದರೆ ಹಬ್ ಮೂಲಕ ಅಲ್ಲದೆ ಕಂಪ್ಯೂಟರಿಗೇ ನೇರವಾಗಿ ಜೋಡಿಸಿ.

ಪ್ಲೇಸ್ಟೇಷನ್ 2ರ ಡಿವಿಡಿಗೆ ಸಿಡಿಯ ತೊಡಕುಗಳಿಲ್ಲ. ಅಲ್ಲಿ ಎಲ್ಲ ಸೆಕ್ಟರ್‌ಗಳಲ್ಲಿಯೂ 2048 ಬೈಟ್ ಮಾಹಿತಿಯೇ ಇರುವುದರಿಂದ ಐಎಸ್‌ಒ ಸರಿಯಾದ ರೂಪ. ಒಂದೇ ಪದರದ ಡಿವಿಡಿ 4.7 ಜಿಬಿವರೆಗೆ, 2005ರ ಗಾಡ್ ಆಫ್ ವಾರ್‌ನಂಥ ಎರಡು ಪದರದವು 8.5 ಜಿಬಿವರೆಗೆ ಹೋಗುತ್ತವೆ. ಇಲ್ಲಿ ಎಡವುವ ಜಾಗ ಬೇರೆ: ಎಫ್‌ಎಟಿ32 ಮಾದರಿಯ ಪೆನ್‌ಡ್ರೈವ್ ಅಥವಾ ಹಾರ್ಡ್ ಡಿಸ್ಕ್ 4 ಜಿಬಿಗಿಂತ ದೊಡ್ಡ ಫೈಲನ್ನು ಒಪ್ಪುವುದಿಲ್ಲ. ಮೊದಲೇ ಎಕ್ಸ್‌ಫ್ಯಾಟ್ ಅಥವಾ ಎನ್‌ಟಿಎಫ್‌ಎಸ್ ಮಾದರಿಗೆ ಫಾರ್ಮ್ಯಾಟ್ ಮಾಡಿಕೊಳ್ಳಿ, ಆದರೆ ಫಾರ್ಮ್ಯಾಟ್ ಮಾಡಿದರೆ ಅದರಲ್ಲಿರುವುದೆಲ್ಲ ಅಳಿಯುತ್ತದೆ ಎಂಬುದನ್ನು ಮರೆಯಬೇಡಿ.

ಡ್ರೈವ್ ಮುಗ್ಗರಿಸಿದಾಗ

ಓದುವ ಪಟ್ಟಿ ಒಂದೆಡೆ ನಿಂತುಬಿಟ್ಟು, ಡ್ರೈವ್ ಒಳಗೆ ಏರಿಳಿಯುವ ಸದ್ದು ಕೇಳಿ, ಕೊನೆಗೆ ಇಂಥ ಸೆಕ್ಟರ್ ಓದಲಾಗಲಿಲ್ಲ ಎಂಬ ಸಂದೇಶ ಬಂದರೆ ‘ಕಂಟಿನ್ಯೂ’ ಒತ್ತುವ ಆಸೆಯನ್ನು ತಡೆದುಕೊಳ್ಳಿ. ಹಾಗೆ ಮುಂದುವರಿದರೆ ಫೈಲಿನ ಗಾತ್ರ ಪೂರ್ಣವಾಗಿಯೇ ಕಾಣುತ್ತದೆ, ಒಳಗೆ ಮಾತ್ರ ಓದಲಾಗದ ಜಾಗ ಟೊಳ್ಳಾಗಿರುತ್ತದೆ. ಕೆಲವು ಸಲ ‘ರೀಟ್ರೈ’ ಒತ್ತಿ ನೋಡಿ; ಆಗದಿದ್ದರೆ ರದ್ದುಮಾಡಿ, ಡಿಸ್ಕನ್ನು ಮತ್ತೆ ಒರೆಸಿ, ವೇಗ ಇನ್ನಷ್ಟು ಇಳಿಸಿ, ಎರಡನೆಯ ಡ್ರೈವಿನಲ್ಲಿ ಪ್ರಯತ್ನಿಸಿ. ಡಿವಿಡಿಯ ವಿಷಯದಲ್ಲಿ ಲಿನಕ್ಸ್‌ನ ಡಿಡಿರೆಸ್ಕ್ಯೂ ಎಂಬ ತಂತ್ರಾಂಶ ಬಹಳ ಉಪಕಾರಿ. ಓದಲಾಗದ ಸೆಕ್ಟರ್‌ಗಳ ನಕ್ಷೆಯನ್ನು ಅದು ಪ್ರತ್ಯೇಕ ಫೈಲಿನಲ್ಲಿ ಬರೆದಿಟ್ಟುಕೊಳ್ಳುವುದರಿಂದ, ಅದೇ ಡಿಸ್ಕನ್ನು ಇನ್ನೊಂದು ಡ್ರೈವಿಗೆ ಹಾಕಿ ಉಳಿದ ತೂತುಗಳನ್ನು ಮಾತ್ರ ತುಂಬಿಸಬಹುದು. ಒಮ್ಮೆ ಮೂರು ಡ್ರೈವ್‌ಗಳ ಸರದಿಯಲ್ಲಿ ನಾಲ್ಕು ದಿನ ಹಿಡಿದು ನಾನು ಒಂದು ಡಿವಿಡಿಯನ್ನು ಪೂರ್ತಿ ಪಡೆದದ್ದುಂಟು. ಕೆಳಮೈಯ ಗೀರು ಆಳವಾಗಿದ್ದರೆ ಡಿಸ್ಕ್ ಪಾಲಿಶ್ ಮಾಡಿಸುವುದು ಕೊನೆಯ ಉಪಾಯ. ಮೇಲ್ಪದರ ಕಿತ್ತುಹೋದ ಸಿಡಿಗೆ ಅದರಿಂದ ಪ್ರಯೋಜನವಿಲ್ಲ.

ಪರೀಕ್ಷೆ

ಪ್ರತಿ ಸಿಕ್ಕಿದ ಮೇಲೆ ಅದರ ಹ್ಯಾಶ್ ತೆಗೆಯಬೇಕು. ಹ್ಯಾಶ್ ಎಂದರೆ ಫೈಲಿನ ಪ್ರತಿಯೊಂದು ಬೈಟನ್ನೂ ಲೆಕ್ಕಕ್ಕೆ ಹಿಡಿದು ಹೊರಬರುವ ಬೆರಳಚ್ಚಿನಂಥ ಸಾಲು. ಎಸ್‌ಎಚ್‌ಎ-1 ಬಗೆಯದರಲ್ಲಿ 40 ಅಕ್ಷರಗಳಿರುತ್ತವೆ. ಒಂದು ಬೈಟ್ ಬದಲಾದರೂ ಇಡೀ ಸಾಲು ಬದಲಾಗುತ್ತದೆ. 7-ಜಿಪ್ ತಂತ್ರಾಂಶವಿದ್ದರೆ ಫೈಲಿನ ಮೇಲೆ ಮೌಸಿನ ಬಲಗುಂಡಿ ಒತ್ತಿ ಅಲ್ಲಿಯೇ ಇದನ್ನು ಪಡೆಯಬಹುದು.

ಡಿಸ್ಕನ್ನು ಎರಡು ಸಲ ಓದಿಸಿ. ಎರಡನೆಯದು ಬೇರೆ ಡ್ರೈವಿನಲ್ಲಾದರೆ ಇನ್ನೂ ಒಳ್ಳೆಯದು. ಎರಡು ಹ್ಯಾಶ್‌ಗಳೂ ಒಂದೇ ಆದರೆ ಓದುವಾಗ ಆಕಸ್ಮಿಕ ತಪ್ಪು ನುಸುಳಿಲ್ಲ ಎಂದು ನಂಬಬಹುದು. ಬಳಿಕ ರೀಡಂಪ್ ಎಂಬ ಜಾಲತಾಣದಲ್ಲಿ ನಿಮ್ಮ ಸಂಕೇತ ಸಂಖ್ಯೆಯನ್ನು ಹುಡುಕಿ. ಅಲ್ಲಿ ಗೇಮ್‌ಗಳಿರುವುದಿಲ್ಲ, ಜಗತ್ತಿನ ನಾನಾ ಕಡೆಯ ಹವ್ಯಾಸಿಗಳು ತಮ್ಮ ಅಸಲಿ ಡಿಸ್ಕ್‌ಗಳನ್ನು ಎಚ್ಚರಿಕೆಯಿಂದ ಓದಿಸಿ ದಾಖಲಿಸಿದ ಗಾತ್ರ ಮತ್ತು ಹ್ಯಾಶ್‌ಗಳ ಪಟ್ಟಿ ಇರುತ್ತದೆ. ಪ್ಲೇಸ್ಟೇಷನ್ 2ರ ಡಿವಿಡಿ ಅಥವಾ ಒಂದೇ ಟ್ರ್ಯಾಕ್ ಇರುವ ಸಿಡಿಯಾದರೆ ನಿಮ್ಮ ಹ್ಯಾಶ್ ಸಾಮಾನ್ಯವಾಗಿ ಅಲ್ಲಿನದಕ್ಕೆ ಹೊಂದುತ್ತದೆ. ಹೊಂದಿತೆಂದರೆ, ಮುಂದೆ ಹೇಳುವ ಸಬ್‌ಚಾನೆಲ್ ಸಂಗತಿಯೊಂದನ್ನು ಬಿಟ್ಟು, ಆ ಪ್ರತಿಯ ಬಗ್ಗೆ ಇನ್ನು ಅನುಮಾನ ಬೇಡ.

ಆಡಿಯೊ ಟ್ರ್ಯಾಕ್‌ಗಳಿರುವ ಸಿಡಿಗಳಲ್ಲಿ ಹೊಂದದಿದ್ದರೆ ಗಾಬರಿಯಾಗಬೇಡಿ. ಆಡಿಯೊ ಓದುವಾಗ ಪ್ರತಿ ಮಾದರಿಯ ಡ್ರೈವೂ ಆರಂಭದ ಬಿಂದುವನ್ನು ಕೂದಲೆಳೆಯಷ್ಟು ಮುಂದೆಯೋ ಹಿಂದೆಯೋ ಹಿಡಿಯುತ್ತದೆ. ಜತೆಗೆ ರೀಡಂಪ್‌ನವರು ಪ್ರತಿ ಟ್ರ್ಯಾಕನ್ನೂ ಬೇರೆ ಬಿನ್ ಆಗಿ ಇಡುತ್ತಾರೆ, ಇಮ್ಜ್‌ಬರ್ನ್ ಎಲ್ಲವನ್ನೂ ಒಂದರಲ್ಲಿಯೇ ಬರೆಯುತ್ತದೆ. ಅಂಥ ಡಿಸ್ಕನ್ನು ಒಂದೇ ಡ್ರೈವಿನಲ್ಲಿ ಎರಡು ಸಲ ಓದಿಸಿ ಹೋಲಿಸಿ, ಪ್ರತಿ ಟ್ರ್ಯಾಕನ್ನೂ ಕಿವಿಗೊಟ್ಟು ಕೇಳಿ. ಬೈಟಿಗೆ ಬೈಟ್ ಹೊಂದಲೇಬೇಕೆಂಬ ಹಟವಿದ್ದವರು ರೀಡಂಪರ್ ಎಂಬ ತಂತ್ರಾಂಶದತ್ತ ಹೋಗಬೇಕಾಗುತ್ತದೆ.

ಪಾಲ್ ಮಾದರಿಯ ಕೆಲವು ಪ್ಲೇಸ್ಟೇಷನ್ 1 ಡಿಸ್ಕ್‌ಗಳಲ್ಲಿ, ಉದಾಹರಣೆಗೆ ಯುರೋಪ್ ಆವೃತ್ತಿಯ ಫೈನಲ್ ಫ್ಯಾಂಟಸಿ 9ರಲ್ಲಿ, 2352 ಬೈಟಿನ ಆಚೆಗೆ ಸಬ್‌ಚಾನೆಲ್ ಎಂಬ ಪಕ್ಕದ ದಾರಿಯಲ್ಲಿಯೂ ಆಟ ಹುಡುಕುವ ಗುರುತುಗಳಿವೆ. ಬಿನ್ ಮತ್ತು ಕ್ಯೂ ಅದನ್ನು ಹಿಡಿದಿಡುವುದಿಲ್ಲ. ಹ್ಯಾಶ್ ಸರಿಹೊಂದಿದರೂ ಆಟ ನಡುವೆ ನಿಂತುಹೋಗುವುದಕ್ಕೆ ಇದೇ ಕಾರಣವಾಗಿರಬಹುದು. ರೀಡಂಪರ್ ಸಬ್‌ಚಾನೆಲ್ ಫೈಲನ್ನೂ ಉಳಿಸಿಕೊಡುತ್ತದೆ, ಅದನ್ನು ಬಿನ್ ಜತೆಯಲ್ಲಿಯೇ ಇಡಿ.

ಕೊನೆಯ ಪರೀಕ್ಷೆ ಆಡಿ ನೋಡುವುದು. ಪ್ಲೇಸ್ಟೇಷನ್ 1ಕ್ಕೆ ಡಕ್‌ಸ್ಟೇಷನ್, 2ಕ್ಕೆ ಪಿಸಿಎಸ್‌ಎಕ್ಸ್2 ಎಂಬ ಎಮ್ಯುಲೇಟರ್‌ಗಳಿವೆ. ಇವಕ್ಕೆ ಬೇಕಾಗುವ ಬಯೋಸ್, ಅಂದರೆ ಯಂತ್ರವನ್ನು ಶುರುಮಾಡುವ ಒಳಗಿನ ತಂತ್ರಾಂಶ, ಸೋನಿಯ ಕೃತಿಸ್ವಾಮ್ಯಕ್ಕೆ ಸೇರಿದ್ದಾದ್ದರಿಂದ ನಿಮ್ಮದೇ ಕನ್ಸೋಲಿನಿಂದ ತೆಗೆದದ್ದನ್ನು ಬಳಸಿ. ಮೊದಲ ಪರದೆ ಬಂತೆಂದು ಮುಚ್ಚಬೇಡಿ. ಮೊದಲ ವಿಡಿಯೊವನ್ನು ಪೂರ್ತಿ ನೋಡಿ, ಮಾತು ಕೇಳಿ, ಒಂದು ಹಂತ ಆಡಿ.

ಇಡುವ ಬಗೆ

ಒಂದೊಂದು ಆಟಕ್ಕೂ ಒಂದು ಫೋಲ್ಡರ್ ಮಾಡಿ, ಅದರಲ್ಲಿ ಪ್ರತಿಯ ಜತೆಗೆ ಡಿಸ್ಕಿನ ಎರಡೂ ಮೈಗಳ ಮತ್ತು ಕವರಿನ ಫೋಟೊ, ಸಂಕೇತ ಸಂಖ್ಯೆ, ಓದಿಸಿದ ದಿನ, ಡ್ರೈವಿನ ಮಾದರಿ, ಹ್ಯಾಶ್ ಬರೆದ ಟಿಪ್ಪಣಿ ಇಡಿ. ಜಾಗ ಸಾಲದಿದ್ದರೆ ಸಿಎಚ್‌ಡಿ ಎಂಬ ರೂಪಕ್ಕೆ ಬದಲಿಸಬಹುದು. ಮೇಮ್ ಎಮ್ಯುಲೇಟರಿನ ಜತೆ ಬರುವ ಸಿಎಚ್‌ಡಿಮ್ಯಾನ್ ಇದನ್ನು ಏನನ್ನೂ ಕಳೆಯದೆ ಕುಗ್ಗಿಸುತ್ತದೆ, ಬೇಕಾದಾಗ ಹಿಂದಿನ ರೂಪಕ್ಕೆ ತರುತ್ತದೆ, ಮೇಲೆ ಹೇಳಿದ ಎರಡೂ ಎಮ್ಯುಲೇಟರ್‌ಗಳು ನೇರವಾಗಿ ಓದುತ್ತವೆ. ಸಬ್‌ಚಾನೆಲ್ ಫೈಲನ್ನು ಮಾತ್ರ ಬೇರೆಯಾಗಿಯೇ ಇಟ್ಟುಕೊಳ್ಳಬೇಕು. ಸಿಎಚ್‌ಡಿಯನ್ನು ಅದರದೇ ಪರೀಕ್ಷಾ ಆಜ್ಞೆಯಿಂದ ಪರಿಶೀಲಿಸುವ ಮೊದಲು ಮೂಲ ಬಿನ್ ಅಳಿಸಬೇಡಿ. ಇಡೀ ಸಂಗ್ರಹ ಎರಡು ಹಾರ್ಡ್ ಡಿಸ್ಕ್‌ಗಳಲ್ಲಿರಲಿ, ಎರಡೂ ಒಂದೇ ಕಪಾಟಿನಲ್ಲಿ ಬೇಡ. ವರ್ಷಕ್ಕೊಮ್ಮೆ ಟಿಪ್ಪಣಿಯ ಹ್ಯಾಶ್‌ನೊಂದಿಗೆ ಹೋಲಿಸಿ ನೋಡಿ. ಬರೆಯಬಹುದಾದ ಸಿಡಿ, ಡಿವಿಡಿಗಳ ಮೇಲೆ ಇದನ್ನೆಲ್ಲ ಮತ್ತೆ ಬರೆದಿಡುವುದು ಬೆಣೆ ತೆಗೆದು ಗೂಟ ಹೊಡೆದಂತೆ. ಅವುಗಳ ಬಣ್ಣದ ಪದರ ಕಾರ್ಖಾನೆಯಲ್ಲಿ ಅಚ್ಚೊತ್ತಿದ ಡಿಸ್ಕಿಗಿಂತ ಬೇಗ ಮಾಸುತ್ತದೆ.

ಡಿಸ್ಕ್‌ಗಳು ಬಹಳವಿದ್ದು ಎಲ್ಲಿಂದ ಆರಂಭಿಸಬೇಕೆಂದು ತೋಚದಿದ್ದರೆ, ಅಂಗಡಿಯಲ್ಲಿ ಇಂದಿಗೂ ಸೆಕೆಂಡ್ ಹ್ಯಾಂಡ್ ಸಿಗುವ ಹೆಸರಾಂತ ಆಟಗಳನ್ನು ಹಿಂದಕ್ಕೆ ಬಿಡಿ. ಟಾರ್ಚಿನ ಬೆಳಕಿಗೆ ಚುಕ್ಕೆ ಕಾಣಿಸಿದ ಸಿಡಿಗಳು ಮೊದಲು. ಆಮೇಲೆ ಹೈದರಾಬಾದಿನಲ್ಲಿ ತಯಾರಾಗಿ 2009ರಲ್ಲಿ ಪ್ಲೇಸ್ಟೇಷನ್ 2ಕ್ಕೆ ಬಂದ ಹನುಮಾನ್: ಬಾಯ್ ವಾರಿಯರ್, ಕಬಡ್ಡಿ ಗಾಳಿಪಟಗಳಂಥ ನಮ್ಮ ಆಟಗಳನ್ನು ಒಳಗೊಂಡ ದೇಸಿ ಅಡ್ಡಾ, ಇಂಥವು ನಿಮ್ಮ ಪೆಟ್ಟಿಗೆಯಲ್ಲಿದ್ದರೆ ಅವು. ಹೊರದೇಶದ ಆಟಗಳಷ್ಟು ಕೈಗಳು ಇವನ್ನು ಕಾಪಾಡುತ್ತಿಲ್ಲ.